ಅಮೆರಿಕದ ಕಚೇರಿಯಲ್ಲಿ ತಾರತಮ್ಯವೇ? ಗಡುವು ಮೀರುವ ಮುನ್ನ ಹೀಗೆ ಮಾಡಿ

ಅಮೆರಿಕದಲ್ಲಿ ಕೆಲಸ ಮಾಡುವ ನಮ್ಮವರಿಗೆ ವೀಸಾ ಮುಗಿಯುವ ದಿನ, ಗ್ರೀನ್ ಕಾರ್ಡ್ ಸಾಲಿನಲ್ಲಿ ತಮ್ಮ ಸರದಿ, ಡಾಲರ್ ದರ ಎಲ್ಲವೂ ನಾಲಿಗೆಯ ತುದಿಯಲ್ಲಿರುತ್ತವೆ. 180 ಮತ್ತು 300 ಎಂಬ ಎರಡು ಅಂಕಿಗಳನ್ನು ಮಾತ್ರ ಅವರಿಗೆ ಯಾರೂ ಹೇಳಿಕೊಟ್ಟಿರುವುದಿಲ್ಲ. ಬಣ್ಣ, ಜನಾಂಗ, ಮೂಲದೇಶದ ಕಾರಣಕ್ಕೋ ಹೆಣ್ಣೆಂಬ ಕಾರಣಕ್ಕೋ ಕೆಲಸದ ಜಾಗದಲ್ಲಿ ಅನ್ಯಾಯವಾದರೆ ಸರ್ಕಾರಿ ಆಯೋಗಕ್ಕೆ ದೂರು ಕೊಡಲು ಇರುವ ದಿನಗಳವು. ದಿನ ಮೀರಿದರೆ ಎಷ್ಟೇ ಗಟ್ಟಿ ಸಾಕ್ಷ್ಯವಿದ್ದರೂ ಸಾಮಾನ್ಯವಾಗಿ ಪ್ರಕರಣ ನಿಲ್ಲುವುದಿಲ್ಲ. ಹಾಗಾಗಿ ಅಲ್ಲಿರುವವರು ಮಾತ್ರವಲ್ಲ, ಮಗಳೋ ಸೊಸೆಯೋ ಅಲ್ಲಿ ದುಡಿಯುತ್ತಿರುವ ಇಲ್ಲಿನ ತಂದೆ ತಾಯಂದಿರೂ ಇದನ್ನು ತಿಳಿದಿರುವುದು ಒಳ್ಳೆಯದು. ರಾತ್ರಿ ಫೋನಿನಲ್ಲಿ ‘ಸ್ವಲ್ಪ ದಿನ ತಡ್ಕೋ ಮಗಾ, ಎಲ್ಲ ಸರಿಹೋಗುತ್ತೆ’ ಎಂದು ನಾವು ಹೇಳುವ ಸಮಾಧಾನ ಪ್ರೀತಿಯದೇ ನಿಜ. ಆದರೆ ಈ ವಿಷಯದಲ್ಲಿ ಅದು ನಷ್ಟಕ್ಕೆ ದಾರಿ.

ಮೊದಲು, ಕಾನೂನು ಹಿಡಿಯುವುದು ಯಾವುದನ್ನು?

1964ರ ನಾಗರಿಕ ಹಕ್ಕುಗಳ ಕಾಯ್ದೆಯ ಏಳನೇ ಭಾಗ, ಅಲ್ಲಿನವರ ಬಾಯಲ್ಲಿ ‘ಟೈಟಲ್ ಸೆವೆನ್’, ಇದಕ್ಕೆಲ್ಲ ತಳಪಾಯ. ಜನಾಂಗ, ಬಣ್ಣ, ಧರ್ಮ, ಲಿಂಗ, ಮೂಲದೇಶ ಇವುಗಳ ಕಾರಣಕ್ಕೆ ನೇಮಕ, ಸಂಬಳ, ಬಡ್ತಿ, ವಜಾ, ದಿನನಿತ್ಯದ ಕೆಲಸ ಯಾವುದರಲ್ಲೂ ಭೇದ ಮಾಡುವಂತಿಲ್ಲ. ಬಸುರಿತನವೂ 1978ರಿಂದ ಲಿಂಗದ ಲೆಕ್ಕಕ್ಕೇ ಬರುತ್ತದೆ. 15 ಅಥವಾ ಅದಕ್ಕಿಂತ ಹೆಚ್ಚು ಜನ ಕೆಲಸ ಮಾಡುವ ಬಹುತೇಕ ಎಲ್ಲ ಸಂಸ್ಥೆಗಳಿಗೆ ಇದು ಅನ್ವಯ. ಎಚ್‌-1ಬಿ ವೀಸಾದವರಿಗೂ ಪೂರ್ತಿ ರಕ್ಷಣೆ ಇದೆ, ಪೌರತ್ವ ಬೇಕಿಲ್ಲ.

ಆದರೆ ಒಂದು ಕಹಿ ಸಂಗತಿಯನ್ನು ಅರಗಿಸಿಕೊಳ್ಳಬೇಕು. ಅಲ್ಲಿನ ಬಹುತೇಕ ಖಾಸಗಿ ನೌಕರಿಗಳಲ್ಲಿ ಕಾರಣ ಹೇಳದೆಯೇ ಕೆಲಸದಿಂದ ತೆಗೆಯಬಹುದು. ಮ್ಯಾನೇಜರ್ ಸಿಡುಕ, ಪಕ್ಷಪಾತಿ, ಮಾತಿನಲ್ಲಿ ಒರಟ ಎನ್ನುವುದಷ್ಟೇ ಕಾನೂನಿನ ಕಣ್ಣಿಗೆ ತಪ್ಪಲ್ಲ. ಅವನು ಎಲ್ಲರ ಮೇಲೂ ಸಿಡುಕುತ್ತಾನೋ, ನಿಮ್ಮಂಥವರ ಮೇಲೆ ಮಾತ್ರವೋ ಎಂಬುದೇ ಮುಖ್ಯ. ಆದ್ದರಿಂದ ಹೋಲಿಸಲು ಇನ್ನೊಬ್ಬರನ್ನು ಹುಡುಕಿ. ಅದೇ ಹುದ್ದೆ, ಅದೇ ಮ್ಯಾನೇಜರ್, ಹೆಚ್ಚುಕಡಿಮೆ ಅಷ್ಟೇ ಅನುಭವ, ಆದರೆ ಬೇರೆ ಬಣ್ಣ ಅಥವಾ ಗಂಡಸು. ಅವರಿಗೆ ಸಿಕ್ಕಿದ್ದೇನು, ನಿಮಗೆ ಸಿಕ್ಕಿದ್ದೇನು? ಈ ಪ್ರಶ್ನೆಗೆ ನಿಮ್ಮಲ್ಲಿ ಸ್ಪಷ್ಟ ಉತ್ತರವಿದ್ದರೆ ಅರ್ಧ ಕೆಲಸ ಆದಂತೆ.

‘ನಿನ್ನ ಉಚ್ಚಾರಣೆ ಗ್ರಾಹಕರಿಗೆ ಅರ್ಥವಾಗೋದಿಲ್ಲ’ ಎಂದು ಬಡ್ತಿ ತಪ್ಪಿಸುವುದು ನಮ್ಮವರಿಗೆ ಪದೇ ಪದೇ ಎದುರಾಗುವ ತಕರಾರು. ಉಚ್ಚಾರಣೆಯಿಂದ ಕೆಲಸಕ್ಕೆ ನಿಜವಾಗಿ ಅಡ್ಡಿಯಾಗುತ್ತಿದ್ದರೆ ಮಾತ್ರ ಆ ಕಾರಣ ನಿಲ್ಲುತ್ತದೆ. ವರ್ಷಗಟ್ಟಲೆ ಅದೇ ಗ್ರಾಹಕರ ಜೊತೆ ಮಾತಾಡಿ ಯೋಜನೆ ಮುಗಿಸಿಕೊಟ್ಟವರಿಗೆ ಬಡ್ತಿಯ ಹೊತ್ತಿನಲ್ಲಿ ಹೀಗೆ ಹೇಳಿದರೆ ಅದನ್ನು ಪ್ರಶ್ನಿಸಲೇಬೇಕು. ವರ್ಗಾವಣೆಯೂ ಅಷ್ಟೆ. ಸಂಬಳ ಕಡಿಮೆಯಾಗದಿದ್ದರೂ ತಾರತಮ್ಯದ ವರ್ಗಾವಣೆಯಿಂದ ಒಂದಿಷ್ಟು ಹಾನಿಯಾಗಿದ್ದರೆ ಸಾಕು ಎಂದು ಅಮೆರಿಕದ ಸುಪ್ರೀಂ ಕೋರ್ಟ್ 2024ರಲ್ಲಿ ಹೇಳಿದೆ.

ಅಂದಿನದನ್ನು ಅಂದೇ ಬರೆದಿಡಿ

ಆರು ತಿಂಗಳ ನಂತರ ನೆನಪು ಕೈಕೊಡುತ್ತದೆ, ವಕೀಲರು ಕೇಳುವುದು ತಾರೀಖನ್ನು. ‘ಮ್ಯಾನೇಜರ್ ಯಾವಾಗಲೂ ಅವಮಾನ ಮಾಡುತ್ತಾರೆ’ ಎಂಬ ವಾಕ್ಯಕ್ಕೆ ಬೆಲೆಯಿಲ್ಲ. ಹೀಗೆ ಬರೆಯಿರಿ: ‘ಮಾರ್ಚ್ 4, ಮಂಗಳವಾರ, ಬೆಳಿಗ್ಗೆ 10.30ರ ತಂಡದ ಸಭೆ. ಐದು ಜನ ಇದ್ದೆವು (ಐವರ ಹೆಸರು). ಹೊಸ ಯೋಜನೆಯ ಮುಂದಾಳತ್ವ ಕೇಳಿದೆ. ಮನೆಯಲ್ಲಿ ಚಿಕ್ಕ ಮಗುವಿದೆ, ನಿಮ್ಮ ಕಡೆಯ ಹೆಂಗಸರಿಗೆ ಇದು ಕಷ್ಟ ಎಂದರು. ಎರಡು ದಿನದ ನಂತರ ನನಗಿಂತ ಮೂರು ವರ್ಷ ಕಿರಿಯನಾದ ಸಹೋದ್ಯೋಗಿಗೆ ಕೊಟ್ಟರು. ಅವನಿಗೂ ಚಿಕ್ಕ ಮಗುವಿದೆ.’ ಮಾತನ್ನು ಆಡಿದ ಹಾಗೆಯೇ ಬರೆಯಿರಿ. ಗುಣವಿಶೇಷಣ, ನಿಮ್ಮ ಸಿಟ್ಟು, ಊಹೆ ಬೇಡ.

ಇದನ್ನು ಕಚೇರಿಯ ಲ್ಯಾಪ್‌ಟಾಪಿನಲ್ಲಿ ಇಡಬೇಡಿ; ಕೆಲಸದಿಂದ ತೆಗೆದ ಗಳಿಗೆಯಲ್ಲೇ ಅದರ ಬಾಗಿಲು ಮುಚ್ಚಿರುತ್ತದೆ. ನಿಮ್ಮ ಕೆಲಸದ ಮೌಲ್ಯಮಾಪನ ಪತ್ರ, ಸಂಬಳದ ಚೀಟಿ, ನೇಮಕಾತಿ ಪತ್ರ, ಉದ್ಯೋಗಿಗಳ ಕೈಪಿಡಿ ನಿಮ್ಮ ಬಳಿ ಇರಲಿ. ಆದರೆ ಕಂಪನಿಯ ಗೋಪ್ಯ ಕಡತ, ಗ್ರಾಹಕರ ಮಾಹಿತಿ, ಸೋರ್ಸ್ ಕೋಡ್ ಯಾವುದನ್ನೂ ಸ್ವಂತ ಮೇಲ್‌ಗೆ ಕಳಿಸಿಕೊಳ್ಳಬೇಡಿ. ಅದೊಂದೇ ನೆಪ ಸಾಕು, ಅನ್ಯಾಯಕ್ಕೊಳಗಾದವರೇ ಅಪರಾಧಿಯಾಗುತ್ತಾರೆ. ಮಾತುಕತೆಯನ್ನು ಗುಟ್ಟಾಗಿ ರೆಕಾರ್ಡ್ ಮಾಡುವುದೂ ಅಪಾಯ. ಕ್ಯಾಲಿಫೋರ್ನಿಯಾದಲ್ಲಿ ಖಾಸಗಿ ಮಾತುಕತೆ ರೆಕಾರ್ಡ್ ಮಾಡಲು ಎಲ್ಲರ ಒಪ್ಪಿಗೆ ಬೇಕು.

ಸಂಬಳದ ಭೇದ ಕಂಡುಹಿಡಿಯುವುದು ಹೆಚ್ಚು ಕಷ್ಟ. ಲಿಲಿ ಲೆಡ್ಬೆಟರ್ ಅಲಬಾಮಾದ ಗ್ಯಾಡ್ಸ್‌ಡನ್‌ನ ಗುಡ್‌ಇಯರ್ ಟೈರ್ ಕಾರ್ಖಾನೆಗೆ ಸೇರಿದ್ದು 1979ರಲ್ಲಿ. ಯಾರೋ ಹೆಸರಿಲ್ಲದೆ ಬರೆದಿಟ್ಟ ಚೀಟಿಯಿಂದ ಆಕೆಗೆ ಸತ್ಯ ಗೊತ್ತಾಗುವಷ್ಟರಲ್ಲಿ ನಿವೃತ್ತಿ ಹತ್ತಿರವಾಗಿತ್ತು. 1997ರ ಕೊನೆಗೆ ಆಕೆಯ ತಿಂಗಳ ಸಂಬಳ 3,727 ಡಾಲರ್. ಅದೇ ಹುದ್ದೆಯ ಗಂಡಸರಲ್ಲಿ ತೀರಾ ಕಡಿಮೆ ಪಡೆಯುತ್ತಿದ್ದವನಿಗೂ 4,286 ಡಾಲರ್. 2007ರಲ್ಲಿ ಸುಪ್ರೀಂ ಕೋರ್ಟ್ ‘ತಡವಾಯಿತು’ ಎಂದು ಆಕೆಯನ್ನು ಬರಿಗೈಯಲ್ಲಿ ಕಳಿಸಿತು. ಅದರಿಂದಾಗಿಯೇ 2009ರ ಜನವರಿಯಲ್ಲಿ ಆಕೆಯ ಹೆಸರಿನ ಕಾಯ್ದೆ ಬಂತು. ಈಗ ಕಡಿಮೆ ಸಂಬಳ ಕೈಗೆ ಬಂದ ಪ್ರತಿ ಸಲವೂ ಗಡುವು ಹೊಸದಾಗಿ ಶುರುವಾಗುತ್ತದೆ.

ಚೀಟಿಗಾಗಿ ನೀವು ಕಾಯಬೇಕಿಲ್ಲ. ಮೇಲ್ವಿಚಾರಕರಲ್ಲದ ಖಾಸಗಿ ನೌಕರರು ತಮ್ಮತಮ್ಮಲ್ಲಿ ಸಂಬಳದ ಮಾತಾಡುವುದನ್ನು ಕಂಪನಿ ತಡೆಯುವಂತಿಲ್ಲ. ಜೊತೆಗೆ ಎಚ್‌-1ಬಿ ಹುದ್ದೆಗಳಿಗೆ ಕಂಪನಿಗಳು ಸಲ್ಲಿಸುವ ಅರ್ಜಿಗಳ ವಿವರವನ್ನು ಅಲ್ಲಿನ ಕಾರ್ಮಿಕ ಇಲಾಖೆ ಸಾರ್ವಜನಿಕವಾಗಿ ಪ್ರಕಟಿಸುತ್ತದೆ. ವ್ಯಕ್ತಿಗಳ ಹೆಸರಿರುವುದಿಲ್ಲ, ಕಂಪನಿ, ಊರು, ಹುದ್ದೆ, ಸಂಬಳ ಇರುತ್ತದೆ. ನಿಮ್ಮ ಕಚೇರಿಯ ನಿಮ್ಮದೇ ಹುದ್ದೆಗೆ ಎಷ್ಟು ಬರೆದಿದ್ದಾರೆ ಎಂದು ಒಂದು ಸಂಜೆ ಕೂತು ನೋಡಿ.

ಎಚ್‌ಆರ್‌ಗೆ ಬರೆಯುವ ಮೇಲ್

ನಮ್ಮವರು ಹೆಚ್ಚಾಗಿ ಎಡವುವುದು ಇಲ್ಲೇ. ಮರ್ಯಾದೆ ಮೀರಬಾರದೆಂದು ‘ನನಗೆ ಸ್ವಲ್ಪ ಬೇಸರವಾಗಿದೆ, ತಂಡದ ವಾತಾವರಣ ಸುಧಾರಿಸಬಹುದೇ’ ಎಂದು ಬರೆಯುತ್ತಾರೆ. ಇಷ್ಟು ಮೆತ್ತಗಿನ ಮೇಲ್ ಕಾನೂನಿನ ದೃಷ್ಟಿಯಲ್ಲಿ ತಾರತಮ್ಯದ ದೂರೇ ಅಲ್ಲ. ಮುಂದೆ ನಿಮ್ಮನ್ನು ತೆಗೆದರೆ, ‘ಆಕೆ ದೂರು ಕೊಟ್ಟಿದ್ದೇ ನಮಗೆ ಗೊತ್ತಿಲ್ಲ’ ಎನ್ನಲು ಕಂಪನಿಗೆ ದಾರಿ ಬಿಟ್ಟಂತಾಗುತ್ತದೆ. ಕಾರಣವನ್ನು ಹೆಸರಿಟ್ಟೇ ಹೇಳಿ: ‘ನಾನು ಭಾರತೀಯ ಮೂಲದ ಮಹಿಳೆ ಎಂಬ ಕಾರಣಕ್ಕೆ ಈ ಯೋಜನೆಯಿಂದ ನನ್ನನ್ನು ಕೈಬಿಡಲಾಗಿದೆ ಎಂದು ನಂಬುತ್ತೇನೆ. ಇದು ಜನಾಂಗ, ಮೂಲದೇಶ ಮತ್ತು ಲಿಂಗ ತಾರತಮ್ಯದ ದೂರು.’ ಕೆಳಗೆ ಮೂರು ನಾಲ್ಕು ಘಟನೆ, ತಾರೀಖಿನ ಸಮೇತ. ಕೊನೆಯಲ್ಲಿ ನಿಮಗೆ ಬೇಕಾದ ಪರಿಹಾರ. ಒಂದು ಪುಟ ಸಾಕು. ಎಚ್‌ಆರ್‌ನವರು ಕರೆದು ಬಾಯಿಮಾತಲ್ಲಿ ಮುಗಿಸಿದರೆ, ಅವತ್ತೇ ಸಂಜೆ ‘ಇಂದು ನಾವು ಮಾತಾಡಿದ್ದು ಇಷ್ಟು’ ಎಂದು ಅವರಿಗೇ ಮೇಲ್ ಕಳಿಸಿ. ಎಚ್‌ಆರ್‌ನವರು ಎಷ್ಟೇ ಸೌಜನ್ಯವಂತರಾಗಿರಲಿ, ಅವರ ಮೊದಲ ಹೊಣೆ ಕಂಪನಿಯದು.

ಹೀಗೆ ಬರೆದ ಮೇಲೆ ಸೇಡು ತೀರಿಸಿಕೊಂಡರೆ ಅದು ಪ್ರತ್ಯೇಕ ಕಾನೂನು ಉಲ್ಲಂಘನೆ. ಮೂಲ ದೂರು ಸಾಬೀತಾಗದಿದ್ದರೂ, ನೀವು ಪ್ರಾಮಾಣಿಕವಾಗಿ, ತಕ್ಕ ಆಧಾರದ ಮೇಲೆ ನಂಬಿ ಕೊಟ್ಟಿದ್ದರೆ ಸೇಡಿನ ಪ್ರಕರಣ ಗೆಲ್ಲಬಹುದು. ಮೆಂಫಿಸ್‌ನ ರೈಲ್ವೆ ಯಾರ್ಡಿನಲ್ಲಿ ಫೋರ್ಕ್‌ಲಿಫ್ಟ್ ಓಡಿಸುತ್ತಿದ್ದ ಶೀಲಾ ವೈಟ್ ಮೇಲ್ವಿಚಾರಕನ ಕಿರುಕುಳದ ಬಗ್ಗೆ ದೂರಿತ್ತಾಗ, ಆಕೆಯನ್ನು ಹಳಿ ಕೆಲಸದ ಕೂಲಿಗೆ ಹಾಕಿದರು. ಮುಂದೆ 37 ದಿನ ಸಂಬಳವಿಲ್ಲದೆ ಅಮಾನತು ಮಾಡಿದರು. ನಂತರ ಬಾಕಿ ಸಂಬಳ ಕೊಟ್ಟರೂ ಅದು ಸೇಡೇ ಎಂದು 2006ರಲ್ಲಿ ಸುಪ್ರೀಂ ಕೋರ್ಟ್ ಒಮ್ಮತದಿಂದ ತೀರ್ಪಿತ್ತಿತು.

ದಿನದ ಲೆಕ್ಕ

ಎಚ್‌ಆರ್ ತನಿಖೆ ನಡೆಯುತ್ತಿದೆ, ಮುಗಿಯಲಿ ಎಂದು ಕಾಯುವವರು ಕೊಲಂಬಸ್ ರಿಕ್ಸ್ ಅವರ ಕಥೆ ತಿಳಿಯಬೇಕು. ಲೈಬೀರಿಯಾ ಮೂಲದ ಅವರು ಡೆಲವೇರ್ ಸ್ಟೇಟ್ ಕಾಲೇಜಿನಲ್ಲಿ ಅಧ್ಯಾಪಕರು. ಕಾಯಂ ಹುದ್ದೆ ಇಲ್ಲ, ಇನ್ನೊಂದೇ ವರ್ಷ ಕೆಲಸ ಎಂದು 1974ರ ಜೂನ್ 26ರಂದು ಅವರಿಗೆ ಪತ್ರ ಬಂತು. ಅವರು ಕಾಲೇಜಿನೊಳಗೆ ಮೇಲ್ಮನವಿ ಸಲ್ಲಿಸಿದರು, ಸೆಪ್ಟೆಂಬರಿನಲ್ಲಿ ಅದು ತಿರಸ್ಕೃತವಾಯಿತು. ಆಯೋಗದ ಮೆಟ್ಟಿಲು ಹತ್ತಿದ್ದು 1975ರ ಏಪ್ರಿಲ್‌ನಲ್ಲಿ, ಇನ್ನೂ ಕೆಲಸದಲ್ಲಿದ್ದಾಗಲೇ. ಆದರೂ 1980ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು: ನಿರ್ಧಾರ ತಿಳಿಸಿದ ದಿನದಿಂದಲೇ ಗಡುವು ಶುರು, ಕೆಲಸದ ಕೊನೆಯ ದಿನದಿಂದಲ್ಲ, ಒಳಗಿನ ಮೇಲ್ಮನವಿಗಾಗಿ ಅದು ನಿಲ್ಲುವುದೂ ಇಲ್ಲ. ಅವರು ಸೋತರು. ತಾರತಮ್ಯ ನಡೆದಿತ್ತೋ ಇಲ್ಲವೋ ಎಂಬ ವಿಚಾರಣೆಯೇ ಆಗಲಿಲ್ಲ.

ಹಾಗಾಗಿ ನಿರ್ಧಾರ ತಿಳಿದ ದಿನವನ್ನು ಕ್ಯಾಲೆಂಡರಿನಲ್ಲಿ ಗುರುತಿಸಿ. ಜಾರ್ಜಿಯಾ, ನಾರ್ತ್ ಕೆರೊಲೈನಾ ರಾಜ್ಯಗಳ ಖಾಸಗಿ ನೌಕರರಿಗೆ 180 ದಿನ. ಕ್ಯಾಲಿಫೋರ್ನಿಯಾ, ನ್ಯೂಯಾರ್ಕ್‌ನಂತೆ ರಾಜ್ಯದ್ದೇ ಸಂಸ್ಥೆಯಿರುವ ಕಡೆ 300 ದಿನ. ಈ ಎರಡು ರಾಜ್ಯಗಳ ಸ್ವಂತ ಕಾನೂನಿನಡಿ ಮೂರು ವರ್ಷದವರೆಗೂ ದೂರು ಕೊಡಬಹುದು. ಕೇಂದ್ರ ಸರ್ಕಾರದ ನೌಕರರಾದರೆ ಕೇವಲ 45 ದಿನದೊಳಗೆ ಇಲಾಖೆಯ ಸಲಹೆಗಾರರನ್ನು ಕಾಣಬೇಕು. ಖಾಸಗಿ ನೌಕರರಿಗೆ ನನ್ನ ಸಲಹೆ, ಎಲ್ಲಿದ್ದರೂ 180 ಎಂದೇ ಲೆಕ್ಕ ಇಟ್ಟುಕೊಳ್ಳಿ.

ಆಯೋಗಕ್ಕೆ ದೂರು

ಸಮಾನ ಉದ್ಯೋಗಾವಕಾಶ ಆಯೋಗ, ಚುಟುಕಾಗಿ ಇಇಒಸಿ. ಶುಲ್ಕವಿಲ್ಲ, ವಕೀಲರು ಕಡ್ಡಾಯವಲ್ಲ. ಅದರ ಜಾಲತಾಣದಲ್ಲಿ ಮೊದಲು ವಿಚಾರಣೆಯ ಅರ್ಜಿ ತುಂಬಬೇಕು, ಆಮೇಲೆ ಅಧಿಕಾರಿಯ ಜೊತೆ ಸಂದರ್ಶನ, ನಂತರ ನೀವು ಸಹಿ ಹಾಕುವ ವಿಧಿವತ್ತಾದ ದೂರು. ಮೊದಲ ಅರ್ಜಿ ಸಲ್ಲಿಸಿದೊಡನೆ ದೂರು ದಾಖಲಾಯಿತೆಂದು ನಿಶ್ಚಿಂತರಾಗಬೇಡಿ; ಸಹಿ ಬೀಳುವವರೆಗೆ ದಿನ ಓಡುತ್ತಲೇ ಇರುತ್ತದೆ. ಸಹಿಯಾದ 10 ದಿನದೊಳಗೆ ಕಂಪನಿಗೆ ನೋಟಿಸ್ ಹೋಗುತ್ತದೆ, ನಿಮ್ಮ ಹೆಸರೂ ತಿಳಿಯುತ್ತದೆ.

ದೂರಿನಲ್ಲಿ ಕಾರಣ ಕೇಳುವ ಕಡೆ ಅನ್ವಯಿಸುವ ಎಲ್ಲವನ್ನೂ ನಮೂದಿಸಿ: ಜನಾಂಗ, ಬಣ್ಣ, ಮೂಲದೇಶ, ಲಿಂಗ, ಸೇಡು. ಬರೆಯದೆ ಬಿಟ್ಟದ್ದನ್ನು ಮುಂದೆ ಕೋರ್ಟಿನಲ್ಲಿ ಎತ್ತುವುದು ಕಷ್ಟ. ಹೆಣ್ಣೂ ಹೌದು, ಬಿಳಿಯಳಲ್ಲ ಎಂಬುದೂ ಹೌದು ಎನ್ನುವವರಿಗೆ ಇದು ಇನ್ನೂ ಮುಖ್ಯ. ಎಮ್ಮಾ ಡಿಗ್ರಾಫನ್‌ರೀಡ್ ಮತ್ತು ಇತರ ಕಪ್ಪು ಮಹಿಳೆಯರು ಜನರಲ್ ಮೋಟರ್ಸ್ ವಿರುದ್ಧ ಹೋದಾಗ 1976ರಲ್ಲಿ ಕೆಳ ನ್ಯಾಯಾಲಯ, ಕಂಪನಿಯಲ್ಲಿ ಮಹಿಳೆಯರೂ ಇದ್ದಾರೆ, ಕಪ್ಪು ಜನರೂ ಇದ್ದಾರೆ ಎಂದು ಎರಡನ್ನೂ ಕೂಡಿಸಿ ನೋಡಲು ಒಪ್ಪಲಿಲ್ಲ. ಆ ಮಹಿಳೆಯರು ಬಿಳಿಯರು, ಆ ಕಪ್ಪು ಜನ ಗಂಡಸರು ಎಂಬುದು ಲೆಕ್ಕಕ್ಕೇ ಬರಲಿಲ್ಲ. ಆ ದೃಷ್ಟಿಯನ್ನು ನಂತರದ ಹಲವು ತೀರ್ಪುಗಳು ಬಿಟ್ಟಿವೆ. ಎರಡನ್ನೂ, ಎರಡೂ ಸೇರಿದ್ದನ್ನೂ ಬರೆಯಿರಿ. ಕನ್ಸಲ್ಟೆನ್ಸಿ ಮೂಲಕ ಕ್ಲೈಂಟ್ ಕಚೇರಿಯಲ್ಲಿ ಕೂರುವವರು ಇಬ್ಬರ ಹೆಸರನ್ನೂ ಹಾಕಬೇಕೇ ಎಂದು ಅಧಿಕಾರಿಯನ್ನು ಕೇಳಿ.

ಕೆಲಸ ಹೋದರೆ

ಎಚ್‌-1ಬಿಯವರಿಗೆ ಕೆಲಸ ಹೋದ ಮೇಲೆ ಸಿಗುವುದು ಗರಿಷ್ಠ 60 ದಿನ, ಅಥವಾ ವಾಸದ ಅವಧಿ ನಮೂದಿಸುವ ಐ-94 ದಾಖಲೆ ಮುಗಿಯುವವರೆಗೆ, ಯಾವುದು ಮೊದಲೋ ಅದು. ತಾರತಮ್ಯದ ದೂರಿನಿಂದ ಈ ಅವಧಿ ಹಿಗ್ಗುವುದಿಲ್ಲ. ಬಾಯಿ ತೆರೆಯುವ ಮೊದಲೇ ಇನ್ನೊಂದು ಕೆಲಸದ ಹುಡುಕಾಟ ಶುರುಮಾಡುವುದು ಹೇಡಿತನವಲ್ಲ, ವಿವೇಕ. ಊರಿಗೆ ಮರಳಬೇಕಾಗಿ ಬಂದರೂ ಅಲ್ಲಿ ನಡೆದ ಅನ್ಯಾಯಕ್ಕೆ ದೂರು ಕೊಡುವ ಹಕ್ಕು ಉಳಿದಿರುತ್ತದೆ.

ತೆಗೆಯುವ ದಿನ ಮುಂದಿಡುವ ಪತ್ರಕ್ಕೆ ಅಲ್ಲೇ ಸಹಿ ಹಾಕಬೇಡಿ. ಕೆಲವು ವಾರದ ಸಂಬಳಕ್ಕೆ ಬದಲಾಗಿ ‘ಎಲ್ಲ ಹಕ್ಕು ಬಿಟ್ಟುಕೊಟ್ಟಿದ್ದೇನೆ’ ಎಂಬ ಸಾಲು ಅದರಲ್ಲಿ ಇರುವುದು ಸಾಮಾನ್ಯ. ವಯಸ್ಸು 40 ತುಂಬಿದ್ದು, ವಯೋತಾರತಮ್ಯದ ಹಕ್ಕನ್ನೂ ಬಿಡಿಸಿಕೊಳ್ಳುವುದಾದರೆ ಕನಿಷ್ಠ 21 ದಿನ ಯೋಚಿಸಲು, ಸಹಿಯ ನಂತರ 7 ದಿನ ಹಿಂತೆಗೆದುಕೊಳ್ಳಲು ಕಾನೂನೇ ಸಮಯ ಕೊಡುತ್ತದೆ. ಕಿರಿಯರು ಕೇಳಿ ಪಡೆಯಬೇಕು, ಬಹಳ ಸಲ ಸಿಗುತ್ತದೆ. ನೇಮಕಾತಿ ಪತ್ರದಲ್ಲಿ ‘ಕೋರ್ಟಿಗೆ ಹೋಗದೆ ಮಧ್ಯಸ್ಥಿಕೆಗೆ ಬದ್ಧ’ ಎಂದಿದೆಯೇ ಎಂದೂ ನೋಡಿ. 2022ರಿಂದ ಲೈಂಗಿಕ ಕಿರುಕುಳದ ಪ್ರಕರಣಗಳಲ್ಲಿ ಆ ಕಟ್ಟುಪಾಡನ್ನು ನೌಕರರು ಒಪ್ಪಬೇಕಿಲ್ಲ.

ನೀವೇ ಮ್ಯಾನೇಜರ್ ಆಗಿದ್ದರೆ ಇದೇ ಕಾನೂನು ನಿಮ್ಮ ಮೇಲೂ ಇದೆ. ಭಾರತೀಯರಲ್ಲದವರನ್ನು ಉದ್ದೇಶಪೂರ್ವಕವಾಗಿ ಬದಿಗೊತ್ತಲಾಗಿದೆ ಎಂದು 2024ರಲ್ಲಿ ಲಾಸ್ ಏಂಜಲೀಸ್‌ನ ಜ್ಯೂರಿ ಕಾಗ್ನಿಜಂಟ್ ವಿರುದ್ಧ ತೀರ್ಮಾನಿಸಿತು. ಸಿಯಾಟಲ್ ನಗರ 2023ರ ಫೆಬ್ರುವರಿಯಲ್ಲಿ ಜಾತಿ ತಾರತಮ್ಯವನ್ನೂ ಹೆಸರಿಟ್ಟು ನಿಷೇಧಿಸಿತು. ಊಟದ ಮೇಜಿನಲ್ಲಿ ‘ನಿಮ್ಮದು ಯಾವ ಪೈಕಿ?’ ಎಂದು ಕೇಳುವ ಚಾಳಿಯನ್ನು ವಿಮಾನ ಹತ್ತುವ ಮುಂಚೆಯೇ ಬಿಟ್ಟುಬಿಡುವುದು ಒಳಿತು.

ಆಯೋಗದ ತನಿಖೆಗೆ ಹಲವು ತಿಂಗಳು ಹಿಡಿಯುತ್ತದೆ. ನಡುವೆ ರಾಜಿಗೆ ಕರೆದರೆ ಹೋಗಿ ಬನ್ನಿ, ಕಳೆದುಕೊಳ್ಳುವುದೇನಿಲ್ಲ. ತನಿಖೆ ಮುಗಿದು ಮೊಕದ್ದಮೆ ಹೂಡುವ ಹಕ್ಕಿನ ಪತ್ರ ಕೈಗೆ ಬಂದರೆ ಅಲ್ಲಿಂದ 90 ದಿನ. ಆಗ ವಕೀಲರನ್ನು ಹುಡುಕಲು ಹೊರಟರೆ ಸಮಯ ಸಾಲದು. ದೂರು ಕೊಡುವ ಹೊತ್ತಿಗೇ ಇಬ್ಬರು ಮೂವರನ್ನು ಮಾತಾಡಿಸಿ. ನೌಕರರ ಪರ ವಾದಿಸುವವರಲ್ಲಿ ಅನೇಕರು ಗೆದ್ದರೆ ಮಾತ್ರ ಪಾಲು ಎಂಬ ಕರಾರಿಗೆ ಒಪ್ಪುತ್ತಾರೆ. ಜನಾಂಗದ ಪ್ರಶ್ನೆಯಿದ್ದರೆ 1866ರ ಕಾಯ್ದೆಯಿಂದ ಬಂದ ಇನ್ನೊಂದು ದಾರಿಯ ಬಗ್ಗೆ ಅವರನ್ನು ಕೇಳಿ: ಅದಕ್ಕೆ ನಾಲ್ಕು ವರ್ಷದ ಅವಕಾಶವಿದೆ, ಟೈಟಲ್ ಸೆವೆನ್‌ನಲ್ಲಿರುವ 3 ಲಕ್ಷ ಡಾಲರ್ ಪರಿಹಾರದ ಮಿತಿ ಅಲ್ಲಿಲ್ಲ, 15 ಜನರಿರಬೇಕೆಂಬ ನಿಯಮವೂ ಇಲ್ಲ.