ಆಟಗಾರನಿಂದ ವೀಕ್ಷಕ ವಿವರಣೆಗಾರ: ‘ಸರಾಸರಿ ಜವ’ದ ಒಂದು ಪಾಠ

ತರಗತಿ: 9
ವಿಷಯ: ವಿಜ್ಞಾನ
ಘಟಕ: ಚಲನೆ
ಕಲಿಕಾಂಶ: ಸರಾಸರಿ ಜವ

ಹಿನ್ನೆಲೆ: ಹಾಲಾಡಿ ಸಮೀಪದ ಪ್ರೌಢಶಾಲೆಯಲ್ಲಿ ನನ್ನ ಮೊದಲ ಪಾಠದಲ್ಲಿ ಸೂತ್ರ ಬರೆದು ಎರಡು ಲೆಕ್ಕ ಮಾಡಿಸಿದೆ. ಮಕ್ಕಳು ವ್ಯಾಖ್ಯೆಯನ್ನು ತಪ್ಪಿಲ್ಲದೆ ಹೇಳಿದರು. ಆದರೆ ‘ಸರಾಸರಿ ಎಂದರೆ ಇಲ್ಲಿ ಏನು?’ ಎಂದು ಕೇಳಿದಾಗ ಯಾರೂ ಮಾತನಾಡಲಿಲ್ಲ. ನನಗೆ ಗೊತ್ತಿದ್ದುದು ಅವರಿಗೆ ತಲುಪಿರಲಿಲ್ಲ. ಅದೇ ಪಾಠವನ್ನು ಮತ್ತೆ ಯೋಜಿಸಿದೆ.

ಪ್ರವೇಶ: ಕರ್ನಾಟಕದ ಆಲ್‌ರೌಂಡರ್ ವಿಜಯ್ ಭಾರದ್ವಾಜ್ 1999ರಲ್ಲಿ ನೈರೋಬಿಯ ಎಲ್‌ಜಿ ಕಪ್‌ನಲ್ಲಿ ಭಾರತ ತಂಡಕ್ಕೆ ಪದಾರ್ಪಣೆ ಮಾಡಿ ಸರಣಿ ಶ್ರೇಷ್ಠರಾದರು. ಅವರು ಆಡಿದ್ದು 3 ಟೆಸ್ಟ್, 10 ಏಕದಿನ ಪಂದ್ಯ ಮಾತ್ರ. ಮುಂದೆ ತರಬೇತುದಾರರಾದರು, ಇಂದು ಮಕ್ಕಳಿಗೆ ಅವರು ಪರಿಚಿತರಾಗಿರುವುದು ಟಿ.ವಿ.ಯ ಕನ್ನಡ ವೀಕ್ಷಕ ವಿವರಣೆಯಿಂದ. ‘ಆಡಲು ಬಂದರೆ ಸಾಕೇ, ವಿವರಿಸಲು ಇನ್ನೇನು ಬೇಕು?’ ಎಂದು ಕೇಳಿದೆ. ಮಕ್ಕಳ ಉತ್ತರಗಳನ್ನು ಮೂರು ಪ್ರಶ್ನೆಗಳಾಗಿ ಹಲಗೆಯ ಮೇಲೆ ಬರೆದೆ: ಏನಾಯಿತು? ಎಷ್ಟು? ಏಕೆ?

ಚಟುವಟಿಕೆ: ಮೈದಾನದಲ್ಲಿ 5 ಮೀಟರ್ ಅಂತರದಲ್ಲಿ ಸುಣ್ಣದ ಗೆರೆ ಎಳೆದು ಚೆಂಡು ಉರುಳಿಸಿದೆವು. ಒಬ್ಬರು ಮೊಬೈಲ್‌ನಲ್ಲಿ ಸಮಯ ಅಳೆದರು, ಒಬ್ಬರು ವಿವರಣೆ ನೀಡಿದರು. ಮೂರು ಭಾಗಗಳಿಗೆ ಕ್ರಮವಾಗಿ 1, 1.3 ಮತ್ತು 2.2 ಸೆಕೆಂಡ್ ಹಿಡಿಯಿತು. “ಚೆಂಡ್ ಮೊದ್ಲ್ ಜೋರ್ ಹೋತ್ತ್, ಕಡಿಗೆ ಮೆಲ್ಲ ಆತ್ತ್” ಎಂದಳು ವಿವರಣೆಗೆ ನಿಂತ ಹುಡುಗಿ. ‘ಏಕೆ?’ ಎಂದಾಗ ನೆಲದ ಘರ್ಷಣೆಯ ಮಾತು ಮಕ್ಕಳಿಂದಲೇ ಬಂತು.

ಚರ್ಚೆ: ಪ್ರತಿ ಭಾಗದ ಜವ 5, 3.85 ಮತ್ತು 2.27 ಮೀ/ಸೆ. ಹಲವರು ಇವನ್ನು ಕೂಡಿಸಿ ಮೂರರಿಂದ ಭಾಗಿಸಿ 3.7 ಎಂದರು. ಒಟ್ಟು ದೂರ 15 ಮೀಟರನ್ನು ಒಟ್ಟು ಕಾಲ 4.5 ಸೆಕೆಂಡಿನಿಂದ ಭಾಗಿಸಿದರೆ 3.3 ಮೀ/ಸೆ. ವ್ಯತ್ಯಾಸ ಏಕೆ? ಚೆಂಡು ನಿಧಾನವಾಗಿ ಸಾಗಿದ ಕಾಲವೇ ಹೆಚ್ಚು ಎಂದು ಅದೇ ಹುಡುಗಿ ಗುರುತಿಸಿದಳು.

ಮೌಲ್ಯಮಾಪನ: ಮನೆಯಿಂದ ಶಾಲೆಗೆ ಬರುವ ದಾರಿಯ ಸರಾಸರಿ ಜವ ಕಂಡುಹಿಡಿದು, ಅದಕ್ಕೆ ಒಂದು ನಿಮಿಷದ ವೀಕ್ಷಕ ವಿವರಣೆ ಬರೆಯಿರಿ.

ಅವಲೋಕನ: ಚಟುವಟಿಕೆಗೆ ಒಂದು ಅವಧಿ ಸಾಲಲಿಲ್ಲ, ಎರಡು ಬೇಕು. ಹಿಂದೆ ನಿಂತ ಕೆಲವರಿಗೆ ಮಾತನಾಡುವ ಸರದಿ ಸಿಗಲಿಲ್ಲ. ಮುಂದಿನ ಸಲ ಗುಂಪು ಚಿಕ್ಕದಾಗಿರಬೇಕು. ಆಡಿ ಬಲ್ಲವನು ಮೈಕ್ ಹಿಡಿದಾಗ ಹೊಸದಾಗಿ ಕಲಿಯಬೇಕಾಗುತ್ತದೆ. ಬಿ.ಎಸ್ಸಿ. ಮುಗಿಸಿ ಹಲಗೆಯ ಮುಂದೆ ನಿಂತ ನಾನೂ ಹಾಗೆಯೇ ಕಲಿಯುತ್ತಿದ್ದೇನೆ.