ಡಿಕ್ರಿ ಹಣವನ್ನು ಕಂತಿನಲ್ಲಿ ತೀರಿಸುವುದು

ಸದಸ್ಯ ಬಾಂಧವರಲ್ಲಿ ಸಾಲವಿಲ್ಲದವರು ವಿರಳ. ಆದರೆ ಸಾಲ ಕೋರ್ಟಿನ ಮೆಟ್ಟಿಲು ಹತ್ತಿದ ಮೇಲೆ ಅದನ್ನು ತೀರಿಸುವ ಕ್ರಮ ಬಲ್ಲವರೂ ವಿರಳವೇ. ಈ ಸಲ ಆ ವಿಷಯವನ್ನೇ ಎತ್ತಿಕೊಂಡಿದ್ದೇವೆ.

ಇದಕ್ಕೆ ಕಾರಣರಾದವರು ನಮ್ಮ ಸದಸ್ಯರಲ್ಲ. ಕಳೆದ ಕೊಯ್ಲಿನಲ್ಲಿ ರೊಬಸ್ಟಾ ಹಣ್ಣು ಬಿಡಿಸಲು ಬಂದವರ ಪೈಕಿ ಆಳಂದ ತಾಲ್ಲೂಕಿನ ಕಿಣ್ಣಿ ಸುಲ್ತಾನದ ರೈತರೊಬ್ಬರಿದ್ದರು. ಊರಿನಲ್ಲಿ ಅವರಿಗೆ ತೊಗರಿ ಬೆಳೆಯುವ ಜಮೀನುಂಟು. ಆ ವರ್ಷ ತೊಗರಿ ಕೈಕೊಟ್ಟಿತ್ತು. ಒಂದು ಸಂಜೆ ಕಾಗದವೊಂದನ್ನು ನಮ್ಮ ಮುಂದೆ ಹಿಡಿದು, "ಒಮ್ಮೆಲೇ ಎಲ್ಲಿಂದ ತರ್ಲ್ರೀ ಸಾಹೇಬ್ರ, ಕಂತು ಮಾಡಿಸಿ ಕೊಡ್ರಿ" ಎಂದರು. ಓದಿ ನೋಡಿದರೆ ಅದು ಕೈಸಾಲದ ಡಿಕ್ರಿ. ಸಮನ್ಸ್ ಬಂದಾಗ ಹೆದರಿ ಅವರು ಕೋರ್ಟಿಗೇ ಹೋಗಿರಲಿಲ್ಲ. ಡಿಕ್ರಿಯಾಗಿ ಐವತ್ತು ದಿನ ಕಳೆದಿತ್ತು.

ಆ ಹೆದರಿಕೆಯಿಂದಾದ ನಷ್ಟವೇನೆಂಬುದನ್ನು ತಿಳಿಯಬೇಕು. ಸಿವಿಲ್ ಪ್ರಕ್ರಿಯಾ ಸಂಹಿತೆಯ 20ನೇ ಆದೇಶದ 11ನೇ ನಿಯಮದಲ್ಲಿ ಎರಡು ಭಾಗಗಳಿವೆ. ಮೊದಲನೆಯದು ತೀರ್ಪಿಗೆ ಮುಂಚಿನದು. ಹಣದ ದಾವೆಯಲ್ಲಿ ಸಾಕಷ್ಟು ಕಾರಣ ತೋರಿಸಿದರೆ, ಪತ್ರದಲ್ಲಿ ಏನೇ ಕರಾರಿದ್ದರೂ, ನ್ಯಾಯಾಧೀಶರು ಕಂತುಗಳನ್ನು ಗೊತ್ತುಮಾಡಿಯೇ ಡಿಕ್ರಿ ಕೊಡಬಹುದು. ಸಾಲ ಕೊಟ್ಟವರ ಮಾತನ್ನು ಕೇಳುತ್ತಾರೆ, ನಿಜ. ಆದರೆ ಅವರ ಒಪ್ಪಿಗೆ ಬೇಕಿಲ್ಲ. ಎರಡನೆಯ ಭಾಗ ಡಿಕ್ರಿಯಾದ ನಂತರದ್ದು. ಆಗಲೂ ಕಂತು ಕೇಳಬಹುದು, ಆದರೆ ಡಿಕ್ರಿದಾರರು ಒಪ್ಪಲೇಬೇಕು. ಅರ್ಜಿಯನ್ನು ಡಿಕ್ರಿಯ ತಾರೀಖಿನಿಂದ 30 ದಿನಗಳೊಳಗೆ ಹಾಕಬೇಕೆಂದು 1963ರ ಕಾಲಮಿತಿ ಕಾಯ್ದೆ ಹೇಳುತ್ತದೆ. ಅಂದರೆ ಕೇಳುವ ಸಮಯ ತೀರ್ಪಿಗೆ ಮುಂಚೆ. ಸಾಲ ನಿಜವಾದರೆ ಸುಳ್ಳು ತಕರಾರು ಹೂಡಿ ವರ್ಷಗಟ್ಟಲೆ ಎಳೆಯುವುದಕ್ಕಿಂತ, ಕೋರ್ಟಿಗೆ ಹೋಗಿ ಸಾಲವನ್ನು ಒಪ್ಪಿ ಕಂತು ಕೇಳುವುದೇ ಲೇಸೆಂದು ನಮ್ಮ ಅಭಿಪ್ರಾಯ. ವಕೀಲರೆಲ್ಲರೂ ಇದನ್ನು ಮೆಚ್ಚಲಾರರು.

ಕಿಣ್ಣಿ ಸುಲ್ತಾನದವರಿಗೆ ನೆರೆಯ ಸೊಲ್ಲಾಪುರದ ಮಾತೊಂದು ಹೇಳಿದೆವು. 1875ರ ಮೇ ತಿಂಗಳಲ್ಲಿ ಪುಣೆ ಜಿಲ್ಲೆಯ ಸೂಪೆಯಲ್ಲಿ ರೈತರು ಸಾಹುಕಾರರ ಮೇಲೆ ಎದ್ದು ಸಾಲಪತ್ರಗಳನ್ನು ಸುಟ್ಟರು. ಅದರ ಫಲವಾಗಿ 1879ರಲ್ಲಿ ದಖ್ಖನ್ ರೈತರ ಪರಿಹಾರ ಕಾಯ್ದೆ ಬಂತು. ಮೊದಲು ಪುಣೆ, ಸಾತಾರಾ, ಅಹಮದ್‌ನಗರ, ಸೊಲ್ಲಾಪುರ ಜಿಲ್ಲೆಗಳಿಗೆ. ಅದರಡಿ ರೈತನ ಮೇಲಿನ ಡಿಕ್ರಿಗೆ ಕೋರ್ಟು ಯಾವಾಗ ಬೇಕಾದರೂ ಕಂತು ಹಾಕಬಹುದಿತ್ತು. ಹಣದ ಡಿಕ್ರಿಗಾಗಿ ರೈತನನ್ನು ಸೆರೆಗೆ ಹಾಕುವಂತಿರಲಿಲ್ಲ. ಆಳಂದ ನಿಜಾಮರ ಸೀಮೆಯಾದ್ದರಿಂದ ಅಲ್ಲಿಗೆ ಅದು ಅನ್ವಯಿಸಲಿಲ್ಲ. ಈಗ ಆ ಕಾಯ್ದೆಯೂ ಇಲ್ಲ.

ಸೆರೆಯ ಭಯ ಮಾತ್ರ ಇಂದಿಗೂ ಹೋಗಿಲ್ಲ. ಜಾಲಿ ಜಾರ್ಜ್ ವರ್ಗೀಸ್ ಮೊಕದ್ದಮೆಯಲ್ಲಿ 1980ರಲ್ಲಿ ಸುಪ್ರೀಂ ಕೋರ್ಟು ಇದನ್ನು ಸ್ಪಷ್ಟಪಡಿಸಿದೆ: ಕೊಡಲು ಶಕ್ತಿಯಿಲ್ಲವೆಂಬ ಒಂದೇ ಕಾರಣಕ್ಕೆ ಜೈಲಿಲ್ಲ, ಹಣವಿದ್ದೂ ಕೊಡದ ದುರ್ಬುದ್ಧಿ ಕಂಡುಬರಬೇಕು. ಸ್ವತಃ ಸಾಗುವಳಿ ಮಾಡಿ ಅದರಿಂದಲೇ ಮುಖ್ಯವಾಗಿ ಜೀವಿಸುವ ರೈತನು ವಾಸವಿರುವ ಮನೆ, ಜೀವನಕ್ಕೆ ಅಗತ್ಯವಾದ ಉಳುಮೆಯ ಸಲಕರಣೆ, ದನ, ಬಿತ್ತನೆ ಬೀಜ ಇವುಗಳ ಜಪ್ತಿಗೆ 60ನೇ ಪ್ರಕರಣ ಅಡ್ಡಿಯಾಗಿದೆ. ತೋಟ ಆ ಪಟ್ಟಿಯಲ್ಲಿಲ್ಲವೆಂಬುದನ್ನು ಮರೆಯಬಾರದು.

ಇನ್ನು ಕಂತನ್ನು ಹೇಗೆ ಕೇಳಬೇಕು? ತಿಂಗಳ ಕಂತು ಸಂಬಳದಾರರಿಗೆ ಸರಿ, ನಮಗಲ್ಲ. ಕಾಫಿ ಮಾರಿದ ಮೇಲೆ ಮಾರ್ಚ್ ಕೊನೆಗೆ ಒಂದು ವಾಯಿದೆ ಕೇಳಿರಿ. ಅಡಿಕೆಯೇ ಮುಖ್ಯವಾಗಿದ್ದವರು ಅಡಿಕೆ ಸುಲಿದು ಒಣಗಿಸಿ ಮಂಡಿಗೆ ಹಾಕುವ ದಿನ ನೋಡಿ ಕೇಳಿರಿ. ಉದಾಹರಣೆಗೆ, ಅಸಲು 2,40,000 ರೂಪಾಯಿ, ಬಡ್ಡಿ ವರ್ಷಕ್ಕೆ ಶೇಕಡಾ 6, ವರ್ಷಕ್ಕೊಂದರಂತೆ ಮೂರು ಕಂತು ಎಂದಿಟ್ಟುಕೊಳ್ಳಿ. ಮೊದಲ ವರ್ಷ 94,400, ಎರಡನೆಯದು 89,600, ಮೂರನೆಯದು 84,800. ಬಡ್ಡಿಯೇ ಒಟ್ಟು 28,800 ಆಯಿತು. ದಾವೆಯ ಖರ್ಚು ಬೇರೆ. ಕೊಡಲಾಗುವಷ್ಟನ್ನೇ ಒಪ್ಪಿರಿ. ಒಂದು ಕಂತು ತಪ್ಪಿದರೆ ಉಳಿದದ್ದೆಲ್ಲ ಒಟ್ಟಿಗೆ ಕೊಡತಕ್ಕದ್ದು ಎಂಬ ಷರತ್ತು ಸಾಮಾನ್ಯವಾಗಿ ಇದ್ದೇ ಇರುತ್ತದೆ. ಎರಡು ಕಂತು ತಪ್ಪಿದರೆ ಎಂದು ಬರೆಸಲು ಸಾಧ್ಯವೇ ನೋಡಿರಿ. ತೋಟದ ಅಡಮಾನದ ಡಿಕ್ರಿಗೆ ಬೇರೆ ನಿಯಮಗಳಿವೆ. ಸಹಕಾರ ಸಂಘದ ಬಾಕಿ 70ನೇ ಪ್ರಕರಣದ ದಾವೆಯಾಗಿ ಸಹಕಾರ ಇಲಾಖೆಗೆ ಹೋಗುತ್ತದೆ. ಅದನ್ನು ಇದರೊಡನೆ ಬೆರೆಸಬೇಡಿ.

ಹಣ ಕೊಡುವ ರೀತಿಯಲ್ಲಿ ನಮ್ಮ ಮನೆಯವರೇ ಪೆಟ್ಟು ತಿಂದವರು. ನಮ್ಮ ತೀರ್ಥರೂಪರು ಪರಿಚಯದ ಸಾಹುಕಾರರೆಂದು ಎರಡು ಕಂತುಗಳನ್ನು ಅವರ ಜಗಲಿಯಲ್ಲೇ ಎಣಿಸಿ ಕೊಟ್ಟು ಎಲೆಅಡಿಕೆ ಹಾಕಿಕೊಂಡು ಬಂದರು. ಸಾಹುಕಾರರು ತೀರಿಕೊಂಡ ಮೇಲೆ ಮಕ್ಕಳು ಪೂರ್ತಿ ಮೊಬಲಗಿಗೆ ಅಮಲ್ಜಾರಿ ಹಾಕಿದರು. ಕೊಟ್ಟದ್ದಕ್ಕೆ ಕಾಗದವಿರಲಿಲ್ಲ, ಕೋರ್ಟಿನಲ್ಲಿ ದಾಖಲೂ ಇರಲಿಲ್ಲ. ಆ ಎರಡು ಕಂತುಗಳನ್ನು ಮತ್ತೆ ಕೊಟ್ಟೆವು. 21ನೇ ಆದೇಶದ 2ನೇ ನಿಯಮದ ಪ್ರಕಾರ, ಕೋರ್ಟಿನ ಹೊರಗೆ ಕೊಟ್ಟ ಹಣ ಕೋರ್ಟಿನಲ್ಲಿ ದಾಖಲಾಗದಿದ್ದರೆ ಅಮಲ್ಜಾರಿ ಕೋರ್ಟು ಅದನ್ನು ಲೆಕ್ಕಕ್ಕೆ ಹಿಡಿಯುವುದಿಲ್ಲ. ಡಿಕ್ರಿದಾರರು ದಾಖಲಿಸದಿದ್ದರೆ ಕೊಟ್ಟ 30 ದಿನಗಳೊಳಗೆ ನೀವೇ ಅರ್ಜಿ ಹಾಕಬೇಕು. ಎಲ್ಲಕ್ಕಿಂತ ಸುರಕ್ಷಿತವಾದದ್ದು ಕೋರ್ಟಿನಲ್ಲೇ ಠೇವಣಿ ಇಟ್ಟು ಡಿಕ್ರಿದಾರರಿಗೆ ನೋಟೀಸು ಕೊಡುವುದು. ಇಲ್ಲವಾದರೆ ಬ್ಯಾಂಕಿನ ಮೂಲಕ ಕೊಟ್ಟು, ಚಲನ್ನು ಜೋಪಾನ ಮಾಡಿ, ಕೋರ್ಟಿನಲ್ಲಿ ದಾಖಲಿಸಿರಿ.

ಆಳಂದದ ಆ ರೈತರಿಗೆ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗುವಂತೆ ಹೇಳಿ ಕಳಿಸಿದೆವು. ಅರ್ಜಿಯ ವಾಯಿದೆ ಮೀರಿದ್ದರೂ ಇಬ್ಬರೂ ರಾಜಿಯಾಗಿ ಅದನ್ನು ಕೋರ್ಟಿನಲ್ಲಿ ದಾಖಲಿಸಲು ಅವಕಾಶವಿತ್ತು. ತಿಂಗಳಾದ ಮೇಲೆ ಫೋನು ಬಂತು: ಸಾಲ ಕೊಟ್ಟವರು ಮೂರು ಕಂತಿಗೆ ಒಪ್ಪಿದ್ದಾರೆ, ತೊಗರಿ ರಾಶಿಯಾದ ಮೇಲೆ ಪ್ರತಿ ಜನವರಿ ಕೊನೆಗೆ ಒಂದೊಂದು. ಈ ಸಲ ಕೊಯ್ಲಿಗೆ ಅವರು ಫೆಬ್ರವರಿಯಲ್ಲಿ ಬರುತ್ತಾರಂತೆ.