ಆಧುನಿಕ ಯಂತ್ರಗಳಲ್ಲಿ ಬಂಡವಾಳ ಹೂಡಿಕೆ: ಲೆಕ್ಕ ತಪ್ಪುವುದೆಲ್ಲಿ?

ಸಿ.ಎನ್.ಸಿ. ಯಂತ್ರ, ರೋಬೋಟ್ ಅಥವಾ ಗಣಕ ನಿಯಂತ್ರಿತ ತಪಾಸಣಾ ಉಪಕರಣವನ್ನು ಕೊಳ್ಳಬೇಕೆ ಬೇಡವೆ ಎಂಬ ಪ್ರಶ್ನೆ ಇಂದು ದೊಡ್ಡ ಕಂಪನಿಗಳಿಗೆ ಮಾತ್ರ ಸೀಮಿತವಾಗಿಲ್ಲ. ಪೀಣ್ಯದ ಸಣ್ಣ ಯಂತ್ರಾಗಾರಕ್ಕೂ ಬೆಳಗಾವಿಯ ಎರಕದ ಘಟಕಕ್ಕೂ ಅದು ಅಳಿವು ಉಳಿವಿನ ಪ್ರಶ್ನೆಯಾಗಿದೆ. ಈ ಪ್ರಶ್ನೆಗೆ ಬಹುತೇಕ ಉದ್ಯಮಿಗಳು ಉತ್ತರ ಹುಡುಕುವ ಕ್ರಮ ಒಂದೇ: ಯಂತ್ರದ ಬೆಲೆಯನ್ನು ವರ್ಷಕ್ಕೆ ಉಳಿಯುವ ಕೂಲಿಯಿಂದ ಭಾಗಿಸುವುದು, ಹಣ ಮೂರು ವರ್ಷಗಳಲ್ಲಿ ಮರಳಿ ಬಂದರೆ ಕೊಳ್ಳುವುದು, ಬಾರದಿದ್ದರೆ ಬಿಡುವುದು. ಮರುಪಾವತಿ ಅವಧಿಯ ಈ ಲೆಕ್ಕ ಸರಳವಾದುದು. ಆದರೆ ಆಧುನಿಕ ತಂತ್ರಜ್ಞಾನದ ಪ್ರಯೋಜನಗಳಲ್ಲಿ ಕೂಲಿಯ ಉಳಿತಾಯವು ಒಂದು ಭಾಗ ಮಾತ್ರ. ಉಳಿದುದನ್ನು ಲೆಕ್ಕದಿಂದ ಹೊರಗಿಟ್ಟರೆ ಉತ್ತರ ತಪ್ಪುವುದು ಸಹಜ.

ಜಪಾನಿನ ಒಂದು ನಿದರ್ಶನ

ಈ ವಿಷಯವನ್ನು ಮೊದಲು ಸ್ಪಷ್ಟವಾಗಿ ಚರ್ಚಿಸಿದವರಲ್ಲಿ ಅಮೆರಿಕದ ಲೆಕ್ಕಶಾಸ್ತ್ರ ಪ್ರಾಧ್ಯಾಪಕ ರಾಬರ್ಟ್ ಕಪ್ಲಾನ್ ಪ್ರಮುಖರು. 1986ರಲ್ಲಿ ಹಾರ್ವರ್ಡ್ ಬಿಸಿನೆಸ್ ರಿವ್ಯೂ ಪತ್ರಿಕೆಯಲ್ಲಿ ಪ್ರಕಟವಾದ ಲೇಖನದಲ್ಲಿ ಅವರು ಜಪಾನಿನ ಯಮಝಾಕಿ ಯಂತ್ರ ತಯಾರಿಕಾ ಕಂಪನಿಯ ಉದಾಹರಣೆಯನ್ನು ನೀಡಿದರು. ಆ ಕಂಪನಿ 1.8 ಕೋಟಿ ಡಾಲರ್ ವೆಚ್ಚದಲ್ಲಿ ಸ್ವಯಂಚಾಲಿತ ಉತ್ಪಾದನಾ ವ್ಯವಸ್ಥೆಯೊಂದನ್ನು ಅಳವಡಿಸಿತು. ಯಂತ್ರಗಳ ಸಂಖ್ಯೆ 68ರಿಂದ 18ಕ್ಕೆ, ಕೆಲಸಗಾರರ ಸಂಖ್ಯೆ 215ರಿಂದ 12ಕ್ಕೆ, ಬೇಕಾದ ಸ್ಥಳ 1,03,000 ಚದರ ಅಡಿಯಿಂದ 30,000 ಚದರ ಅಡಿಗೆ ಇಳಿಯಿತು. ಸರಾಸರಿ 35 ದಿನ ಹಿಡಿಯುತ್ತಿದ್ದ ಕೆಲಸ ಒಂದೂವರೆ ದಿನದಲ್ಲಿ ಮುಗಿಯತೊಡಗಿತು.

ಇಷ್ಟಾದರೂ ಮೊದಲ ಎರಡು ವರ್ಷಗಳ ಒಟ್ಟು ಉಳಿತಾಯ 69 ಲಕ್ಷ ಡಾಲರ್ ಮಾತ್ರ. ಅದರಲ್ಲಿ 39 ಲಕ್ಷ ಡಾಲರ್ ದಾಸ್ತಾನು ಇಳಿದುದರಿಂದ ಒಂದೇ ಬಾರಿ ದೊರೆತ ಹಣ. ವರ್ಷಕ್ಕೆ 15 ಲಕ್ಷ ಡಾಲರ್ ಕೂಲಿ 20 ವರ್ಷಗಳ ಕಾಲ ಉಳಿದರೂ ಹೂಡಿಕೆಯ ಪ್ರತಿಫಲ ಶೇ. 10ನ್ನು ಮುಟ್ಟುವುದಿಲ್ಲ. ಸಾಮಾನ್ಯ ಲೆಕ್ಕದ ಪ್ರಕಾರ ಇದು ಕೈಬಿಡಬೇಕಾದ ಯೋಜನೆ! 35 ದಿನದ ಕೆಲಸವನ್ನು ಒಂದೂವರೆ ದಿನದಲ್ಲಿ ಮಾಡಿಕೊಡುವ ಸಾಮರ್ಥ್ಯಕ್ಕೆ ಆ ಲೆಕ್ಕದಲ್ಲಿ ಸಿಕ್ಕ ಬೆಲೆ ಸೊನ್ನೆ.

ಸಣ್ಣ ಘಟಕದ ಲೆಕ್ಕ

ಇದೇ ತತ್ತ್ವವನ್ನು ಒಂದು ಕಾಲ್ಪನಿಕ ಸಣ್ಣ ಘಟಕಕ್ಕೆ ಅನ್ವಯಿಸಿ ನೋಡಬಹುದು. ಯಂತ್ರದ ಬೆಲೆ, ಜಿ.ಎಸ್.ಟಿ. ಹೊರತುಪಡಿಸಿ, ರೂ. 40 ಲಕ್ಷ; ಬಾಳಿಕೆ 8 ವರ್ಷ; ಕೊನೆಗೆ ಮಾರಿದರೆ ರೂ. 5 ಲಕ್ಷ. ವರ್ಷಕ್ಕೆ ಕೂಲಿಯಲ್ಲಿ ರೂ. 6 ಲಕ್ಷ, ತಿರಸ್ಕೃತ ಮಾಲಿನಲ್ಲಿ ರೂ. 2 ಲಕ್ಷ ಉಳಿಯುತ್ತದೆ. ವಿದ್ಯುತ್ ಮತ್ತು ನಿರ್ವಹಣೆಗೆ ರೂ. 1.5 ಲಕ್ಷ ಹೆಚ್ಚುವರಿ ಖರ್ಚು. ನಿವ್ವಳ ಉಳಿತಾಯ ರೂ. 6.5 ಲಕ್ಷ. ಮರುಪಾವತಿ ಅವಧಿ ಆರು ವರ್ಷಕ್ಕೂ ಹೆಚ್ಚು. ಮೂರು ವರ್ಷದ ನಿಯಮದವರು ಇಲ್ಲಿಯೇ ಕಡತ ಮುಚ್ಚುತ್ತಾರೆ.

ಆದರೆ ಅರೆಸಿದ್ಧ ವಸ್ತುಗಳ ದಾಸ್ತಾನು ರೂ. 3 ಲಕ್ಷದಷ್ಟು ಇಳಿಯುತ್ತದೆ ಎನ್ನೋಣ. ಶೇ. 12ರ ಬಡ್ಡಿಯಂತೆ ಅದರಿಂದ ವರ್ಷಕ್ಕೆ ರೂ. 36,000 ಉಳಿತಾಯ. ಆಗ ವಾರ್ಷಿಕ ಪ್ರಯೋಜನ ರೂ. 6.86 ಲಕ್ಷ. ಶೇ. 12ರ ದರದಲ್ಲಿ ಎಂಟು ವರ್ಷಗಳ ಈ ಮೊತ್ತದ ಪ್ರಸ್ತುತ ಮೌಲ್ಯ ರೂ. 34.08 ಲಕ್ಷ, ಕೊನೆಯ ಮಾರಾಟದ ಹಣದ ಪ್ರಸ್ತುತ ಮೌಲ್ಯ ರೂ. 2.02 ಲಕ್ಷ. ಒಟ್ಟು ರೂ. 36.10 ಲಕ್ಷ. ಹೂಡಿಕೆಗೆ ಹೋಲಿಸಿದರೆ ಕೊರತೆ ರೂ. 3.90 ಲಕ್ಷ. (ಆದಾಯ ತೆರಿಗೆಯ ಪರಿಣಾಮವನ್ನು ಇಲ್ಲಿ ಸೇರಿಸಿಲ್ಲ.)

ಮೂರು ತಿದ್ದುಪಡಿಗಳು

ಮೊದಲನೆಯದು ಬೆಲೆ ಏರಿಕೆ. ಬ್ಯಾಂಕಿನ ಶೇ. 12ರ ಬಡ್ಡಿಯಲ್ಲಿ ಹಣದುಬ್ಬರ ಅಡಗಿದೆ. ಆದರೆ ಉಳಿತಾಯವನ್ನು ಎಂಟು ವರ್ಷವೂ ಇಂದಿನ ಕೂಲಿ ದರದಲ್ಲಿಯೇ ಲೆಕ್ಕ ಹಾಕಲಾಗಿದೆ. ಇದು ಒಂದು ತಟ್ಟೆಗೆ ಕಿಲೋ, ಇನ್ನೊಂದಕ್ಕೆ ಸೇರು ಹಾಕಿ ತೂಗಿದಂತೆ. ಕೂಲಿ, ಕಚ್ಚಾವಸ್ತು, ವಿದ್ಯುತ್ ಮತ್ತು ನಿರ್ವಹಣೆ ಎರಡನೆಯ ವರ್ಷದಿಂದ ಶೇ. 5ರಂತೆ ಏರಿದರೆ, ನಿವ್ವಳ ಉಳಿತಾಯದ ಪ್ರಸ್ತುತ ಮೌಲ್ಯ ಸುಮಾರು ರೂ. 5.16 ಲಕ್ಷ ಹೆಚ್ಚುತ್ತದೆ. ಈ ಒಂದು ತಿದ್ದುಪಡಿಯಿಂದಲೇ ಮೇಲಿನ ಕೊರತೆ ನೀಗುತ್ತದೆ.

ಎರಡನೆಯದು ಹೋಲಿಕೆಯ ಆಧಾರ. ಯಂತ್ರ ಕೊಳ್ಳದಿದ್ದರೆ ಇಂದಿನ ವ್ಯಾಪಾರ ಹೀಗೆಯೇ ಮುಂದುವರಿಯುತ್ತದೆ ಎಂದು ಹೆಚ್ಚಿನವರು ಗ್ರಹಿಸುತ್ತಾರೆ. ಪಕ್ಕದ ಘಟಕ ಅದೇ ಯಂತ್ರವನ್ನು ತಂದು ನಿಖರತೆಯಲ್ಲಿ, ವಿತರಣೆಯ ವೇಗದಲ್ಲಿ ಮುಂದೆ ಹೋದರೆ ಗ್ರಾಹಕರು ಅತ್ತ ಹೊರಳುತ್ತಾರೆ. ಆದುದರಿಂದ ಹೋಲಿಕೆ ಮಾಡಬೇಕಾದುದು ಇಂದಿನ ಲಾಭದೊಂದಿಗೆ ಅಲ್ಲ, ಯಂತ್ರವಿಲ್ಲದೆ ನಾಲ್ಕಾರು ವರ್ಷಗಳ ನಂತರ ಉಳಿಯಬಹುದಾದ ಲಾಭದೊಂದಿಗೆ. ಹಾಗೆಂದು ಊಹೆಯ ನಷ್ಟವನ್ನು ಉಬ್ಬಿಸಬಾರದು. ಯಾವ ಗ್ರಾಹಕ, ಯಾವ ಬಿಡಿಭಾಗ, ಎಷ್ಟು ಆದೇಶ ಎಂದು ಹೆಸರಿಸಿ ಬರೆಯಬೇಕು.

ಮೂರನೆಯದು ಅಳೆಯಲಾಗದ ಪ್ರಯೋಜನಗಳು. ಗುಣಮಟ್ಟ, ಹೊಸ ವಿನ್ಯಾಸಕ್ಕೆ ಬೇಗ ಹೊಂದಿಕೊಳ್ಳುವ ಶಕ್ತಿ, ಸಕಾಲದ ವಿತರಣೆ ಇವುಗಳಿಗೆ ಬೆಲೆ ಕಟ್ಟುವುದು ಕಷ್ಟ. ಕಷ್ಟವೆಂದು ಸೊನ್ನೆ ಬರೆಯುವುದೂ ಒಂದು ಅಂದಾಜೇ, ಅದೂ ಖಚಿತವಾಗಿ ತಪ್ಪಾದ ಅಂದಾಜು. ಕಪ್ಲಾನ್ ಸೂಚಿಸಿದ ಮಾರ್ಗವೆಂದರೆ ಪ್ರಶ್ನೆಯನ್ನು ತಿರುಗಿಸುವುದು. ಬೆಲೆ ಏರಿಕೆಯನ್ನು ಬಿಟ್ಟು ನೋಡಿದರೂ ಮೇಲಿನ ಘಟಕದ ಕೊರತೆ ರೂ. 3.90 ಲಕ್ಷ, ಅದನ್ನು ಎಂಟು ವರ್ಷಗಳಿಗೆ ಹರಡಿದರೆ ವರ್ಷಕ್ಕೆ ಸುಮಾರು ರೂ. 78,500. "ಉತ್ತಮ ಗುಣಮಟ್ಟದ ಬೆಲೆ ಎಷ್ಟು?" ಎಂಬ ಪ್ರಶ್ನೆಗೆ ಯಾರೂ ಉತ್ತರಿಸಲಾರರು, "ಅದು ವರ್ಷಕ್ಕೆ ರೂ. 78,500 ಬಾಳುತ್ತದೆಯೆ?" ಎಂದರೆ ಅನುಭವಿ ಉದ್ಯಮಿ ಉತ್ತರಿಸಬಲ್ಲ.

ಎಚ್ಚರಿಕೆಯ ಮಾತು

ಇದರ ಅರ್ಥ ಹೊಸ ಯಂತ್ರವೆಲ್ಲವೂ ಲಾಭದಾಯಕವೆಂದಲ್ಲ. 1980ರ ದಶಕದಲ್ಲಿ ಜನರಲ್ ಮೋಟಾರ್ಸ್ ಸಂಸ್ಥೆ ರೋಬೋಟ್‌ಗಳಿಗೆ ಅಪಾರ ಹಣ ಸುರಿದರೂ ನಿರೀಕ್ಷಿತ ಫಲ ಪಡೆಯಲಿಲ್ಲ. ಆದರೆ ಅದೇ ಸಂಸ್ಥೆ ಟೊಯೊಟಾದೊಂದಿಗೆ ಸೇರಿ 1984ರಲ್ಲಿ ಕ್ಯಾಲಿಫೋರ್ನಿಯಾದ ಫ್ರೀಮಾಂಟ್‌ನಲ್ಲಿ ಆರಂಭಿಸಿದ ಕಾರ್ಖಾನೆ, ಬಹುಪಾಲು ಹಳೆಯ ಕಾರ್ಮಿಕರನ್ನೇ ಇಟ್ಟುಕೊಂಡು, ಕೆಲಸದ ಕ್ರಮವನ್ನು ತಿದ್ದಿ, ಗುಣಮಟ್ಟದಲ್ಲಿ ಹೆಸರು ಗಳಿಸಿತು. ಮುಂದೆ ಅದೇ ಕಾರ್ಖಾನೆ ಟೆಸ್ಲಾ ಕೈಸೇರಿತು. ಅಲ್ಲಿ ಅತಿಯಾದ ಸ್ವಯಂಚಾಲನೆ ತಪ್ಪಾಯಿತೆಂದು 2018ರಲ್ಲಿ ಎಲಾನ್ ಮಸ್ಕ್ ಸಾರ್ವಜನಿಕವಾಗಿ ಒಪ್ಪಿಕೊಂಡರು. ಕ್ರಮ ತಪ್ಪಿದ ಕೆಲಸವನ್ನು ಯಂತ್ರಕ್ಕೆ ವಹಿಸಿದರೆ ತಪ್ಪು ಇನ್ನಷ್ಟು ವೇಗವಾಗಿ ನಡೆಯುತ್ತದೆ, ಅಷ್ಟೆ.

ಸಣ್ಣ ಘಟಕಕ್ಕೆ ಇನ್ನೂ ಎರಡು ಅಪಾಯಗಳಿವೆ. ಒಂದು, ಕೆಲಸದ ಕೊರತೆ. ಮೇಲಿನ ಯಂತ್ರದ ಬಂಡವಾಳ ವೆಚ್ಚ ವರ್ಷಕ್ಕೆ ಸುಮಾರು ರೂ. 7.64 ಲಕ್ಷ. ಅದು 4,000 ಗಂಟೆ ದುಡಿದರೆ ಗಂಟೆಗೆ ರೂ. 191, 2,000 ಗಂಟೆ ಮಾತ್ರ ದುಡಿದರೆ ರೂ. 382. ಇನ್ನೊಂದು, ನಗದಿನ ಕೊರತೆ. ರೂ. 30 ಲಕ್ಷ ಸಾಲವನ್ನು ಐದು ವರ್ಷಗಳಲ್ಲಿ ಸಮಾನ ಅಸಲಿನ ಮಾಸಿಕ ಕಂತುಗಳಲ್ಲಿ ತೀರಿಸುವುದಾದರೆ, ಶೇ. 12ರ ಬಡ್ಡಿ ಸೇರಿ ಮೊದಲ ವರ್ಷವೇ ಸುಮಾರು ರೂ. 9.27 ಲಕ್ಷ ಕಟ್ಟಬೇಕು; ಯಂತ್ರದಿಂದ ಬರುವ ಉಳಿತಾಯ ರೂ. 6.86 ಲಕ್ಷ. ದಾಸ್ತಾನಿನಿಂದ ಬಿಡುಗಡೆಯಾದ ಹಣ ಮೊದಲ ವರ್ಷವನ್ನು ದಾಟಿಸಬಹುದು. ನಂತರದ ವರ್ಷಗಳಿಗೆ ಬೇರೆ ಮೂಲ ಬೇಕು. ಲಾಭದಾಯಕವಾದ ಯೋಜನೆಯೂ ನಗದಿಲ್ಲದೆ ಮುಳುಗಬಹುದು. ಆದುದರಿಂದ ಸಾಲದ ಅವಧಿ ಯಂತ್ರದ ಬಾಳಿಕೆಗೆ ಆದಷ್ಟು ಸಮೀಪವಿರುವುದು ಕ್ಷೇಮ.

ತೆರಿಗೆಯ ಅಂಶಗಳು

ಆದಾಯ ತೆರಿಗೆಯಲ್ಲಿ ಸಾಮಾನ್ಯ ಯಂತ್ರೋಪಕರಣಗಳಿಗೆ ಶೇ. 15ರ ಸವಕಳಿ ದೊರೆಯುತ್ತದೆ; ಕೊಂಡ ವರ್ಷದಲ್ಲಿ 180 ದಿನಗಳಿಗಿಂತ ಕಡಿಮೆ ಬಳಸಿದರೆ ಅದರ ಅರ್ಧ ಮಾತ್ರ. ಆದಕಾರಣ ಯಂತ್ರವನ್ನು ಅಕ್ಟೋಬರ್ ಮೊದಲ ವಾರಕ್ಕೆ ಮುನ್ನ ಚಾಲನೆಗೊಳಿಸುವುದು ಲಾಭಕರ. ಯಂತ್ರದ ಮೇಲಿನ ಜಿ.ಎಸ್.ಟಿ. ಮೊತ್ತವನ್ನು ಬೆಲೆಗೆ ಸೇರಿಸಿ ಸವಕಳಿ ಪಡೆದರೆ ಹೂಡುವಳಿ ತೆರಿಗೆ ಜಮೆ ಸಿಗುವುದಿಲ್ಲ. ಎರಡರಲ್ಲಿ ಒಂದನ್ನು ಮಾತ್ರ ಆರಿಸಿಕೊಳ್ಳಬೇಕು. ಆದರೆ ತೆರಿಗೆ ಉಳಿಸುವ ಸಲುವಾಗಿಯೇ ಯಂತ್ರ ಕೊಳ್ಳುವುದು ವಿವೇಕವಲ್ಲ.

ಆದೇಶ ನೀಡುವ ಮುನ್ನ ಒಂದು ಹಾಳೆಯಲ್ಲಿ ಐದು ವಿಷಯಗಳನ್ನು ಬರೆದಿಡುವುದು ಒಳಿತು: ಅಳೆಯಬಹುದಾದ ಎಲ್ಲ ಉಳಿತಾಯ, ಯಂತ್ರವಿಲ್ಲದಿದ್ದರೆ ಕೈತಪ್ಪುವ ವ್ಯಾಪಾರ, ಅಳೆಯಲಾಗದ ಪ್ರಯೋಜನಗಳಿಂದ ತುಂಬಬೇಕಾದ ಕೊರತೆ, ಖಚಿತವಾಗಿ ದೊರೆಯುವ ಯಂತ್ರಗಂಟೆಗಳು ಮತ್ತು ತಿಂಗಳವಾರು ನಗದಿನ ಹರಿವು. ಒಂದು ವರ್ಷದ ನಂತರ ಅದೇ ಹಾಳೆಯನ್ನು ತೆಗೆದು ನಿಜವಾದ ಅಂಕಿಗಳೊಂದಿಗೆ ಹೋಲಿಸಿದರೆ ಮುಂದಿನ ಯಂತ್ರದ ನಿರ್ಧಾರ ಇನ್ನಷ್ಟು ಸುಲಭವಾಗುತ್ತದೆ.